ಕಾಲದ ತೂಬು: ಓದುಗರ ಪ್ರಶ್ನೆ, ಕಥೆಗಾರನ ಉತ್ತರ

ಈ ಪತ್ರಿಕೆಯಲ್ಲಿ ಹನ್ನೆರಡು ಕಂತುಗಳಾಗಿ ಬಂದ ನನ್ನ ನೀಳ್ಗತೆ ‘ಕಾಲದ ತೂಬು’ ಹಿಂದಿನ ಸಂಚಿಕೆಗೆ ಮುಗಿದಿದೆ. ಅದರ ಬಗ್ಗೆ ಬಂದ ಪತ್ರಗಳ ಕಟ್ಟನ್ನು ಸಂಪಾದಕರು ಬಳ್ಳಾರಿಗೆ ಕಳುಹಿಸಿಕೊಟ್ಟು, ಆಯ್ದ ಪ್ರಶ್ನೆಗಳಿಗೆ ಈ ಅಂಕಣದಲ್ಲಿಯೇ ಉತ್ತರಿಸಬೇಕೆಂದು ಕೇಳಿದ್ದಾರೆ. ಪಾತ್ರಗಳ ಬಗ್ಗೆ ಹೆಚ್ಚು ಪತ್ರಗಳು ಬರಬಹುದೆಂದು ನಾನು ಎಣಿಸಿದ್ದೆ. ಬಂದವುಗಳಲ್ಲಿ ಬಹುಪಾಲು ತೂಬಿನ ಲೆಕ್ಕವನ್ನೇ ಹಿಡಿದು ಕೇಳಿವೆ, ಮತ್ತು ಅವುಗಳಲ್ಲಿ ಹೆಚ್ಚಿನವು ತುಂಗಭದ್ರಾ ಎಡದಂಡೆ ನಾಲೆಯ ಆಚೀಚೆಯ ಊರುಗಳಿಂದ ಬಂದಿವೆ. ನೀರಿನ ಪಾಳಿಗಾಗಿ ರಾತ್ರಿಯೆಲ್ಲ ಟಾರ್ಚ್ ಹಿಡಿದು ಕಾಲುವೆಯ ಮೇಲೆ ಕಾದವರಿಗೆ ಹಂಚಿಕೆಯ ಕಥೆಯಲ್ಲಿ ತಪ್ಪು ಹುಡುಕುವುದು ಕಷ್ಟವಲ್ಲ.

ಕಥೆ ಓದದವರಿಗಾಗಿ ನಾಲ್ಕು ಮಾತು. ಹರಿವಾಣ ಸೀಮೆ ಎಂಬುದು ನಾನು ಕಟ್ಟಿಕೊಂಡ ಲೋಕ. ಯಾವ ನಕಾಶೆಯಲ್ಲಿಯೂ ಅದು ಸಿಗುವುದಿಲ್ಲ. ಅಲ್ಲಿ ಕಾಲವೇ ‘ಮಾಣದ ಹೊಳೆ’ ಎಂಬ ಹೆಸರಿನಲ್ಲಿ ಹರಿಯುತ್ತದೆ. ಹಿರಿಯರು ಅದಕ್ಕೆ ಅಡ್ಡಲಾಗಿ ಕಟ್ಟೆ ಕಟ್ಟಿ, ಕಲ್ಲಿನ ತೂಬು ಇಟ್ಟು, ಮೇಲೂರಿನಿಂದ ಕಡೆಯೂರಿನವರೆಗೆ ಎಂಟು ಊರುಗಳ ಆಯಕಟ್ಟಿಗೆ ಕಾಲವನ್ನು ಹಂಚಿದ್ದಾರೆ. ಕೆರೆಗೆ ನೀರಗಂಟಿ ಇರುವಂತೆ ತೂಬಿನ ಹಲಗೆ ಎತ್ತಿ ಇಳಿಸಲು ಒಬ್ಬ ಕಾಲಗಂಟಿ ಇದ್ದಾನೆ. ಪ್ರತಿ ಊರಿಗೂ ದಿನಕ್ಕೆ ಅರವತ್ತು ಗಳಿಗೆ, ಅಂದರೆ ಪೂರ್ತಿ ಇಪ್ಪತ್ತನಾಲ್ಕು ಗಂಟೆ, ಸಹಜ ಪಾಲು. ಹಲಗೆ ಎತ್ತಿದರೆ, ಹೊರಗೆ ಒಂದು ದಿನ ಕಳೆಯುವಷ್ಟರಲ್ಲಿ ಆ ಊರಿನ ಎಲ್ಲೆಗಲ್ಲುಗಳ ಒಳಗೆ ಎರಡು ದಿನ ಕಳೆಯಬಹುದು. ಆ ಹೆಚ್ಚುವರಿ ಗಳಿಗೆಗಳು ಉಳಿದ ಊರುಗಳ ಪಾಲಿನಿಂದಲೇ ಬರಬೇಕು, ಬರುವಾಗ ಹತ್ತರಲ್ಲಿ ಒಂದು ಗಳಿಗೆ ದಾರಿಯಲ್ಲಿಯೇ ಸೋರಿಹೋಗುತ್ತದೆ. ಹೊಳೆ ಏರಿಗೆ ಹರಿಯದಾದ್ದರಿಂದ ಹಿಂದಿನ ದಿನಕ್ಕೆ ಹೋಗುವ ದಾರಿ ಯಾರಿಗೂ ಇಲ್ಲ.

ಪ್ರಶ್ನೆ: ನಾಲ್ಕನೆಯ ಕಂತಿನಲ್ಲಿ ಮೇಲೂರಿನವರು ತೂಬು ತೆರೆದು ವರ್ಷಕ್ಕೆ ನಾಲ್ಕು ಬೆಳೆ ಭತ್ತ ತೆಗೆಯುತ್ತಾರೆಂದು ಬರೆದಿದ್ದೀರಿ. ನಮ್ಮಲ್ಲಿ ನಾಲೆಯ ನೀರು ಪೂರ್ತಿ ಸಿಕ್ಕ ವರ್ಷ ಎರಡು ಬೆಳೆ. ಗದ್ದೆಯೊಳಗೆ ಕಾಲ ಎರಡು ಪಟ್ಟು ಓಡಿದರೆ ಅದಕ್ಕೆ ಬೇಕಾದ ಬಿಸಿಲು ಎಲ್ಲಿಂದ ಬರುತ್ತದೆ? ಸೂರ್ಯ ಒಬ್ಬನೇ ಅಲ್ಲವೇ?
(ಒಬ್ಬ ರೈತರು, ಕಾರಟಗಿ)

ಉತ್ತರ: ಈ ಪತ್ರವನ್ನು ಓದಿದ ದಿನ ನಾನು ಬೇರೆ ಯಾವ ಪತ್ರಕ್ಕೂ ಉತ್ತರ ಬರೆಯಲಿಲ್ಲ. ನಿಮ್ಮ ಪ್ರಶ್ನೆ ಸರಿಯಾಗಿದೆ, ನನ್ನ ನಾಲ್ಕನೆಯ ಕಂತು ತಪ್ಪಾಗಿದೆ. ತಪ್ಪು ಎಷ್ಟು ದೊಡ್ಡದೆಂಬುದು ಲೆಕ್ಕ ಹಾಕಿದಾಗಲೇ ನನಗೆ ತಿಳಿಯಿತಾದ್ದರಿಂದ ಆ ಲೆಕ್ಕವನ್ನು ಇಲ್ಲಿಯೇ ಬಿಡಿಸಿ ಇಡುತ್ತೇನೆ.

ಸೋನಾ ಮಸೂರಿಯಂತಹ ಭತ್ತ ಬಿತ್ತನೆಯಿಂದ ಕೊಯ್ಲಿನವರೆಗೆ ನಾಲ್ಕೂವರೆ, ಐದು ತಿಂಗಳು ಕೇಳುತ್ತದೆ. ಆ ತಿಂಗಳುಗಳನ್ನು ನಾವು ‘ಕಾಲ’ ಎಂದು ಕರೆದರೂ ಪೈರು ತಿನ್ನುವುದು ಕಾಲವನ್ನಲ್ಲ. ಆ ಅವಧಿಯಲ್ಲಿ ಬಂದು ಬೀಳುವ ಬಿಸಿಲು, ನೀರು, ಗೊಬ್ಬರವನ್ನು. ಗದ್ದೆಯೊಳಗೆ ಎರಡು ದಿನ ಕಳೆದರೂ ಹೊರಗಿನ ಸೂರ್ಯ ಒಂದೇ ಸಲ ಮೂಡಿ ಮುಳುಗಿರುತ್ತಾನೆ. ಹಾಗಾಗಿ ಒಳಗಿನವರ ಲೆಕ್ಕದಲ್ಲಿ ಪ್ರತಿ ಗಳಿಗೆಗೆ ಬೀಳುವ ಬೆಳಕಿನ ಕಣಗಳು ಅರ್ಧಕ್ಕೆ ಇಳಿಯುತ್ತವೆ. ಇಷ್ಟಕ್ಕೇ ಮುಗಿಯುವುದಿಲ್ಲ. ಬೆಳಕು ಕಣವಾಗಿರುವಂತೆ ಅಲೆಯೂ ಹೌದು. ಗಡಿಯಾರ ಎರಡು ಪಟ್ಟು ಬೇಗ ಓಡುವ ಜಾಗಕ್ಕೆ ಅದು ಹೊರಗಿನಿಂದ ಬಂದಾಗ, ಒಳಗಿನವರ ಒಂದು ಸೆಕೆಂಡಿಗೆ ಅದರ ಕಂಪನಗಳು ಅರ್ಧದಷ್ಟೇ ಆಗುತ್ತವೆ, ಪ್ರತಿ ಕಣದ ಶಕ್ತಿಯೂ ಅರ್ಧವಾಗುತ್ತದೆ. ಅರ್ಧದ ಅರ್ಧವೆಂದರೆ ಕಾಲು ಪಾಲು ಬಿಸಿಲು.

ಆ ಕಾಲು ಪಾಲೂ ಪೈರಿಗೆ ಒದಗುವುದಿಲ್ಲ. ನಮ್ಮ ಕಣ್ಣಿಗೆ ಕಾಣುವ ಬೆಳಕಿನ ಅಲೆಯುದ್ದ ಸುಮಾರು 400ರಿಂದ 700 ನ್ಯಾನೋಮೀಟರ್, ಎಲೆ ಆಹಾರ ತಯಾರಿಸಿಕೊಳ್ಳುವುದೂ ಹೆಚ್ಚುಕಡಿಮೆ ಅದೇ ಬೆಳಕಿನಿಂದ. ಎಲ್ಲೆಗಲ್ಲು ದಾಟಿದೊಡನೆ ಅಲೆಯುದ್ದ ದುಪ್ಪಟ್ಟಾಗಿ ಅದಷ್ಟೂ ಕಾಣದ ಅವಗೆಂಪಿಗೆ ಜಾರುತ್ತದೆ. ಅದರ ಜಾಗಕ್ಕೆ ಬರಬೇಕಾದುದು ಮೂಲದಲ್ಲಿ 200ರಿಂದ 350 ನ್ಯಾನೋಮೀಟರಿನ ನೇರಳಾತೀತ ಕಿರಣ. ಅದರಲ್ಲಿ ಸುಮಾರು 300ಕ್ಕಿಂತ ಕೆಳಗಿನದನ್ನು ಓಝೋನ್ ಪದರ ಮೇಲೆಯೇ ತಡೆಯುತ್ತದೆ. ಉಳಿದ ಚೂರು, ಅಂದರೆ 300ರಿಂದ 350ರವರೆಗಿನದು, 600ರಿಂದ 700 ಆಗಿ ಕಾಣಿಸಿಕೊಳ್ಳುತ್ತದೆ. ಅದು ಕೆಂಪು ಬಣ್ಣ. ಹೀಗಾಗಿ ತೂಬು ತೆರೆದ ಮೇಲೂರಿನಲ್ಲಿ ನಡುಮಧ್ಯಾಹ್ನವೂ ಕೆಂಪು ಮಬ್ಬು ಕವಿದಿರುತ್ತದೆ, ಚಳಿ ಹಿಡಿದಿರುತ್ತದೆ. ನೀರಿನ ಕಥೆಯೂ ಇದೇ: ಹೊರಗಿನ ಕಾಲುವೆ ದಿನಕ್ಕೆ ತರುವಷ್ಟೇ ನೀರನ್ನು ಒಳಗೆ ಎರಡು ದಿನಕ್ಕೆ ಹಂಚಿಕೊಳ್ಳಬೇಕು. ನಾಲ್ಕು ಬೆಳೆಯ ಮಾತಿರಲಿ, ಹಾಕಿದ ಸಸಿ ಹಳದಿಯಾಗಿ ಮಲಗುತ್ತದೆ.

ಕಥೆ ಪುಸ್ತಕವಾಗುವಾಗ ಈ ಕಂತನ್ನು ಪೂರ್ತಿ ತಿದ್ದಿ ಬರೆಯುತ್ತೇನೆ. ತಿದ್ದುವ ಮಾತು ಹಾಗಿರಲಿ, ನಿಮ್ಮ ಒಂದು ಸಾಲು ನನ್ನ ಇಡೀ ಸೀಮೆಯ ಆರ್ಥಿಕತೆಯನ್ನೇ ತಲೆಕೆಳಗು ಮಾಡಿದೆ. ಕಾಲವನ್ನು ಕದ್ದವನು ಸುಖವಾಗಿದ್ದಾನೆ ಎಂದು ನಾನು ಬರೆದಿದ್ದೆ. ಅವನಿಗೆ ಸಿಕ್ಕಿದ್ದು ಬರೀ ಹೊತ್ತು. ಆ ಹೊತ್ತಿನಲ್ಲಿ ಬದುಕಲು ಬೇಕಾದುದೆಲ್ಲ ಹೊರಗಿನ ಗಡಿಯಾರಕ್ಕೆ ಅನುಸಾರವಾಗಿಯೇ ಬರುತ್ತದೆ.

ಪ್ರಶ್ನೆ: ನಾನು ಅಕ್ಕಿ ಗಿರಣಿಯೊಂದರಲ್ಲಿ ಗುಮಾಸ್ತ. ಹೊಸ ಅಕ್ಕಿಗಿಂತ ಒಂದು ವರ್ಷ ಇಟ್ಟ ಹಳೆ ಅಕ್ಕಿಗೆ ಬೆಲೆ ಹೆಚ್ಚು. ಮೇಲೂರಿನ ಗೋದಾಮಿಗೆ ತೂಬು ಬಿಟ್ಟು ಒಂದೇ ತಿಂಗಳಲ್ಲಿ ಅಕ್ಕಿ ಹಳತಾಗಿಸುವ ಉಪಾಯ ನಿಮ್ಮ ಸಾಹುಕಾರನಿಗೆ ಏಕೆ ಹೊಳೆಯಲಿಲ್ಲ?
(ಗಂಗಾವತಿ)

ಉತ್ತರ: ಸಾಹುಕಾರನಿಗೆ ಹೊಳೆಯದಿದ್ದುದಕ್ಕೆ ಕಾರಣ, ಅವನನ್ನು ಬರೆದವನಿಗೆ ಗಿರಣಿಯ ಅನುಭವವಿಲ್ಲ. ಈಗ ಯೋಚಿಸಿದರೆ ತೂಬು ನಿಜವಾಗಿ ಲಾಭ ಕೊಡುವ ಕೆಲವೇ ಕೆಲಸಗಳಲ್ಲಿ ಇದು ಮೊದಲನೆಯದು. ಅಕ್ಕಿ ಹಳತಾಗಲು ಬಿಸಿಲು ಬೇಡ, ನೀರು ಬೇಡ, ಕತ್ತಲೆಯಲ್ಲಿ ಸುಮ್ಮನೆ ಇದ್ದರೆ ಸಾಕು. ಹೊರಗಿನಿಂದ ಏನನ್ನೂ ಕೇಳದೆ ತಾನೇ ಪಕ್ವವಾಗುವ ವಸ್ತುವಿಗೆ ಮಾತ್ರ ಹೆಚ್ಚಿನ ಕಾಲ ವರವಾಗುತ್ತದೆ; ಉಪ್ಪಿನಕಾಯಿಯ ಜಾಡಿಗೂ ಇದೇ ಮಾತು ಹೊಂದುತ್ತದೆ.

ಆದರೆ ಚೀಲದಲ್ಲಿ ಅಕ್ಕಿಯೊಂದೇ ಇರುವುದಿಲ್ಲವೆಂಬುದು ನನಗಿಂತ ನಿಮಗೇ ಚೆನ್ನಾಗಿ ಗೊತ್ತು. ಬೆಚ್ಚಗಿನ ಗೋದಾಮಿನಲ್ಲಿ ಅಕ್ಕಿ ಹುಳಕ್ಕೆ ಸುಮಾರು ಒಂದು ತಿಂಗಳಿಗೊಂದು ತಲೆಮಾರು. ಹೊರಗಿನ ಒಂದು ತಿಂಗಳಲ್ಲಿ ಒಳಗೆ ಒಂದು ವರ್ಷ ಕಳೆದರೆ ಹನ್ನೆರಡು ತಲೆಮಾರು ಹುಳಗಳು ನಿಮ್ಮ ಸಾಹುಕಾರನಿಗಿಂತ ಮೊದಲು ಲಾಭ ಮಾಡಿಕೊಂಡಿರುತ್ತವೆ. ವಾರಕ್ಕೊಮ್ಮೆ ಚೀಲ ತಿರುವಿಹಾಕುವ ಹಮಾಲರು ಒಳಗಿನ ವಾರಕ್ಕೊಮ್ಮೆ ಹೋಗಬೇಕಾಗುತ್ತದೆ, ಅಂದರೆ ಹೊರಗಿನ ಲೆಕ್ಕದಲ್ಲಿ ಹದಿನಾಲ್ಕು ಗಂಟೆಗೊಮ್ಮೆ. ಪುಸ್ತಕದಲ್ಲಿ ಈ ಗೋದಾಮು ಬರುತ್ತದೆ, ಹುಳಗಳೂ ಬರುತ್ತವೆ.

ಪ್ರಶ್ನೆ: ಪರೀಕ್ಷೆಯ ಹಿಂದಿನ ರಾತ್ರಿ ತೂಬು ತೆರೆದುಕೊಂಡು ಓದಿದರೆ ಏನಾಗುತ್ತದೆ?
(ಒಂಬತ್ತನೆಯ ತರಗತಿಯ ವಿದ್ಯಾರ್ಥಿ, ಕುಷ್ಟಗಿ)

ಉತ್ತರ: ಓದಲು ಹೊತ್ತು ಸಿಗುತ್ತದೆ, ತಮ್ಮಾ. ಒಂದು ರಾತ್ರಿಯಲ್ಲಿ ಹತ್ತು ದಿನ ಓದಬೇಕೆಂದರೆ ಹತ್ತು ದಿನದ ಬುತ್ತಿಯನ್ನೂ ದೀಪದ ಎಣ್ಣೆಯನ್ನೂ ಮೊದಲೇ ಒಳಗೆ ಇಟ್ಟುಕೊಂಡಿರಬೇಕು, ಬೆಳಗಾಗುವಷ್ಟರಲ್ಲಿ ನೀನು ಮೊದಲ ದಿನ ಓದಿದ್ದನ್ನು ಮರೆತಿರುತ್ತೀ. ನಿನ್ನ ಗೆಳೆಯರೂ ತಮ್ಮ ತಮ್ಮ ಓಣಿಗೆ ತೂಬು ಕೇಳಿದರೆ ಯಾರ ಪಾಲಿಗೂ ಹೆಚ್ಚೇನೂ ಬರುವುದಿಲ್ಲ.

ಪ್ರಶ್ನೆ: ಕಡೆಯೂರಿನವರಿಗೆ ದಿನಕ್ಕೆ ಇಪ್ಪತ್ತೇ ಗಳಿಗೆ ಉಳಿಯಿತೆಂದು ಬರೆದು ಅವರನ್ನು ಅಳಿಸಿದ್ದೀರಿ. ನಾನೂ ಕೊನೆಭಾಗದ ರೈತ. ನೀರು ಬಾರದಿದ್ದರೆ ಒಣಗಿದ ಕಾಲುವೆ ಕಣ್ಣಿಗೆ ಕಾಣುತ್ತದೆ. ಕಾಲ ಕಡಿಮೆಯಾದವನಿಗೆ ಅದು ಗೊತ್ತಾಗುವುದಾದರೂ ಹೇಗೆ? ಅವನ ಗಡಿಯಾರವೂ ನಿಧಾನ, ಅವನ ಹಸಿವೂ ನಿಧಾನ. ಹಾಗಿರುವಾಗ ನಷ್ಟವೇನು?
(ಸಿರವಾರ ತಾಲ್ಲೂಕು)

ಉತ್ತರ: ಬಂದ ಪತ್ರಗಳಲ್ಲಿ ನನ್ನನ್ನು ಹೆಚ್ಚು ಹೊತ್ತು ಕೂರಿಸಿದ್ದು ಇದು. ನಿಮ್ಮ ವಾದದ ಮೊದಲರ್ಧ ನಿಜ. ಕಡೆಯೂರಿನವನು ತನ್ನ ಮನೆಯ ಬಾಗಿಲು ಹಾಕಿಕೊಂಡು ಕುಳಿತರೆ ಅವನಿಗೆ ಯಾವ ವ್ಯತ್ಯಾಸವೂ ತಿಳಿಯುವುದಿಲ್ಲ. ರೊಟ್ಟಿ ಬೇಯಲು ಹಿಡಿಯುವ ಹೊತ್ತು ಅವನಿಗೆ ಎಂದಿನಷ್ಟೇ. ನಷ್ಟ ಗೊತ್ತಾಗುವುದು ಬಾಗಿಲು ತೆರೆದಾಗ.

ಮೊದಲು ಅವನಿಗೆ ತಾಗುವುದು ಬಿಸಿಲು. ಮೇಲೂರಿನ ಲೆಕ್ಕವನ್ನೇ ಇಲ್ಲಿ ತಿರುಗಿಸಿ ಹಾಕಬೇಕು. ದಿನಕ್ಕೆ ಅರವತ್ತರ ಬದಲು ಇಪ್ಪತ್ತು ಗಳಿಗೆ ಎಂದರೆ ಅವನ ಗಡಿಯಾರ ಮೂರರಲ್ಲಿ ಒಂದು ಪಾಲಿನ ವೇಗದಲ್ಲಿದೆ, ಆದ್ದರಿಂದ ಬೆಳಕಿನ ಕಣಗಳು ಮೂರು ಪಟ್ಟು ಹೆಚ್ಚಾಗಿ ಬೀಳುತ್ತವೆ, ಪ್ರತಿ ಕಣವೂ ಮೂರು ಪಟ್ಟು ಶಕ್ತಿ ಹೊತ್ತು ಬರುತ್ತದೆ. ಒಂಬತ್ತು ಪಟ್ಟು ಬಿಸಿಲು! ನಮ್ಮ ಕಡೆ ಇರುವುದು ಬೇಸಿಗೆ ಮತ್ತು ಕಡುಬೇಸಿಗೆ ಎಂಬ ಎರಡೇ ಕಾಲ ಎಂದು ನಗೆಯಾಡುವ ಬಳ್ಳಾರಿ, ರಾಯಚೂರಿನವರು ಕೂಡ ಅದರಲ್ಲಿ ಒಂದು ದಿನ ಬದುಕಲಾರರು. ಕಾರಟಗಿಯವರ ಪತ್ರದಿಂದ ನನ್ನ ಇನ್ನೊಂದು ತಪ್ಪೂ ಹೀಗೆ ಬಯಲಾಯಿತು. ಆದ್ದರಿಂದ ಇಪ್ಪತ್ತು ಗಳಿಗೆಯ ಮಾತನ್ನು ಹಿಂದಕ್ಕೆ ತೆಗೆದುಕೊಂಡು ಹಂಚಿಕೆಯನ್ನು ಹೊಸದಾಗಿ ಮಾಡಿದ್ದೇನೆ: ಏಳು ಊರುಗಳಿಂದ ತಲಾ ಹತ್ತು ಗಳಿಗೆ ಕಡಿತ, ಒಟ್ಟು ಎಪ್ಪತ್ತು, ಸೋರಿಕೆ ಏಳು, ಮೇಲೂರಿಗೆ ಮುಟ್ಟಿದ್ದು ಅರವತ್ತಮೂರು. ಈಗ ಮೇಲೂರಿಗೆ ದಿನಕ್ಕೆ 123 ಗಳಿಗೆ, ಉಳಿದವರಿಗೆ ಐವತ್ತು. ಐವತ್ತು ಗಳಿಗೆಯ ಊರಿನಲ್ಲಿ ಬಿಸಿಲು 1.44 ಪಟ್ಟು, ಹೆಚ್ಚುಕಡಿಮೆ ಒಂದೂವರೆ. ಸುಡುತ್ತದೆ, ಕೊಲ್ಲುವುದಿಲ್ಲ.

ಎರಡನೆಯದು ಸಾಲ. ಕಡೆಯೂರಿನವನು ಸಾಹುಕಾರನಿಂದ ತಂದ ಹಣಕ್ಕೆ ಬಡ್ಡಿ ಓಡುವುದು ಹೊರಗಿನ ಸೂರ್ಯನ ಲೆಕ್ಕದಲ್ಲಿ, ಅದನ್ನು ತೀರಿಸಲು ಅವನು ದುಡಿಯುವುದು ತನ್ನ ಐವತ್ತು ಗಳಿಗೆಯಲ್ಲಿ. ಸಂತೆ ಏಳು ದಿನಕ್ಕೊಮ್ಮೆ ಬರುತ್ತದೆ. ಅವನ ಮೈಗೆ ಆ ವೇಳೆಗೆ ಆರು ದಿನವೂ ತುಂಬಿರುವುದಿಲ್ಲ, ಆರನೆಯ ದಿನದ ಬುಟ್ಟಿ ಅರ್ಧ ಹೆಣೆದಿರುವಾಗಲೇ ಸಂತೆಯ ಗಾಡಿ ಬಾಗಿಲಿಗೆ ಬಂದಿರುತ್ತದೆ. ಬದುಕಿನ ಒಟ್ಟು ಗಳಿಗೆಗಳು ಅವನಿಗೆ ಕಡಿಮೆಯಾಗುವುದಿಲ್ಲ ಎಂದು ನೀವು ಹೇಳಬಹುದು, ಆ ಮಾತನ್ನು ನಾನು ಒಪ್ಪುತ್ತೇನೆ. ಅವನು ಹೊರಗಿನವರ ಕಣ್ಣಿಗೆ ದೀರ್ಘಾಯುಷಿ. ಆದರೆ ಬಡ್ಡಿಯೂ ಅವನೊಂದಿಗೆ ಅಷ್ಟು ದೀರ್ಘ ಕಾಲ ಬದುಕುತ್ತದೆ.

ಮೂರನೆಯದನ್ನು ಕಥೆಯಲ್ಲಿ ಸೂಚಿಸಿ ಬಿಟ್ಟಿದ್ದೆ, ಇಲ್ಲಿ ಬಿಡಿಸಿ ಹೇಳುತ್ತೇನೆ. ಕಡೆಯೂರಿನ ನಲವತ್ತರ ಹೆಂಗಸೊಬ್ಬಳು ಇಪ್ಪತ್ತರ ಮಗಳನ್ನು ಮೇಲೂರಿಗೆ ಕೊಡುತ್ತಾಳೆ. ಮಗಳಿಗೆ ಹೊರಗಿನ ಒಂದು ವರ್ಷಕ್ಕೆ ಎರಡು ವರ್ಷಕ್ಕೂ ತುಸು ಹೆಚ್ಚು ವಯಸ್ಸಾಗುತ್ತದೆ, ತಾಯಿಗೆ ಹತ್ತು ತಿಂಗಳು. ಹೊರಗಿನ ಹದಿನಾರೂವರೆ ವರ್ಷ ಕಳೆಯುವ ಹೊತ್ತಿಗೆ ಇಬ್ಬರಿಗೂ ಐವತ್ತನಾಲ್ಕರ ಆಸುಪಾಸು. ಅದರ ಮುಂದಿನ ವರ್ಷದ ಪಂಚಮಿಗೆ ತವರಿಗೆ ಬಂದ ಮಗಳ ತಲೆಗೆ ಎಣ್ಣೆ ಹಚ್ಚಲು ಕುಳಿತ ತಾಯಿ, ತನ್ನ ತಲೆಯಲ್ಲಿ ಇರುವುದಕ್ಕಿಂತ ಹೆಚ್ಚು ಬಿಳಿಗೂದಲನ್ನು ಅಲ್ಲಿ ಕಂಡು, ಬಾಚಣಿಗೆಯನ್ನು ಕೆಳಗಿಟ್ಟು ಸ್ವಲ್ಪ ಹೊತ್ತು ಸುಮ್ಮನಿರುತ್ತಾಳೆ. ನೀವು ಕೇಳಿದ ನಷ್ಟವನ್ನು ನಾನು ಬರೆಯಬಲ್ಲುದು ಇಷ್ಟೇ.

ಪ್ರಶ್ನೆ: ನಮ್ಮ ತಂದೆ ಮೂವತ್ತು ವರ್ಷ ಚಿನ್ನದ ಗಣಿಯ ಆಳದಲ್ಲಿ ದುಡಿದವರು. ನೆಲದ ಆಳದಲ್ಲಿ ಕಾಲ ನಿಧಾನವೆಂದು ಎಲ್ಲಿಯೋ ಓದಿದೆ. ಇದು ನಿಮ್ಮ ತೂಬಿನಂತೆ ಕಟ್ಟುಕಥೆಯೋ, ನಿಜವೋ?
(ಹಟ್ಟಿ, ಲಿಂಗಸುಗೂರು ತಾಲ್ಲೂಕು)

ಉತ್ತರ: ನಿಜ. ಭೂಮಿಯ ಸೆಳೆತದಲ್ಲಿ ಕೆಳಗಿರುವ ಗಡಿಯಾರ ಮೇಲಿರುವುದಕ್ಕಿಂತ ನಿಧಾನವಾಗಿ ನಡೆಯುತ್ತದೆ. ಐನ್‌ಸ್ಟೈನ್ 1915ರಲ್ಲಿ ಪೂರ್ಣಗೊಳಿಸಿದ ಸಾಮಾನ್ಯ ಸಾಪೇಕ್ಷತಾ ಸಿದ್ಧಾಂತದಿಂದ ಇದು ಹೊರಡುತ್ತದೆ. 1971ರಲ್ಲಿ ಹಾಫೆಲೆ ಮತ್ತು ಕೀಟಿಂಗ್ ಎಂಬ ಇಬ್ಬರು ಸೀಸಿಯಂ ಪರಮಾಣು ಗಡಿಯಾರಗಳನ್ನು ಸಾಮಾನ್ಯ ಪ್ರಯಾಣಿಕ ವಿಮಾನಗಳಲ್ಲಿ ಇಟ್ಟುಕೊಂಡು ಭೂಮಿಯನ್ನು ಸುತ್ತಿ ಬಂದರು. ಪೂರ್ವಕ್ಕೆ ಸುತ್ತಿದ ಗಡಿಯಾರಗಳು ಸುಮಾರು 59 ನ್ಯಾನೋಸೆಕೆಂಡು (ಒಂದು ನ್ಯಾನೋಸೆಕೆಂಡು ಎಂದರೆ ಸೆಕೆಂಡಿನ ನೂರು ಕೋಟಿಯಲ್ಲಿ ಒಂದು ಭಾಗ) ಹಿಂದೆ ಬಿದ್ದಿದ್ದವು, ಪಶ್ಚಿಮಕ್ಕೆ ಸುತ್ತಿದವು 273 ನ್ಯಾನೋಸೆಕೆಂಡು ಮುಂದೆ ಹೋಗಿದ್ದವು. 2010ರ ಹೊತ್ತಿಗೆ ಅಮೆರಿಕದ ಒಂದು ಪ್ರಯೋಗಾಲಯದಲ್ಲಿ ಕೇವಲ 33 ಸೆಂಟಿಮೀಟರ್ ಎತ್ತರದ ವ್ಯತ್ಯಾಸಕ್ಕೇ ಗಡಿಯಾರದ ವೇಗ ಬದಲಾಗುವುದನ್ನು ಅಳೆದರು. ನಮ್ಮ ಅಡುಗೆಮನೆಯ ಕಟ್ಟೆಯ ಅರ್ಧದಷ್ಟೂ ಅಲ್ಲ ಆ ಎತ್ತರ.

ತಂದೆಯವರ ಲೆಕ್ಕವನ್ನು ನಾನೇ ಹಾಕಿದ್ದೇನೆ. ಆಳ ಒಂದು ಕಿಲೋಮೀಟರ್ ಎಂದು ಹಿಡಿದರೆ ದಿನದ ಇಪ್ಪತ್ತನಾಲ್ಕು ಗಂಟೆಗೆ ಸುಮಾರು 9 ನ್ಯಾನೋಸೆಕೆಂಡಿನ ವ್ಯತ್ಯಾಸ ಬೀಳುತ್ತದೆ, ಎಂಟು ಗಂಟೆಯ ಪಾಳಿಗೆ 3. ವರ್ಷಕ್ಕೆ ಮುನ್ನೂರು ಪಾಳಿಯಂತೆ ಮೂವತ್ತು ವರ್ಷಕ್ಕೆ ಒಂಬತ್ತು ಸಾವಿರ ಪಾಳಿ. ಎಲ್ಲ ಕೂಡಿದರೆ ಸೆಕೆಂಡಿನ ಹತ್ತು ಲಕ್ಷದಲ್ಲಿ ಸುಮಾರು 28 ಭಾಗ. ಮೇಲೆಯೇ ಉಳಿದ ಓರಗೆಯವರಿಗಿಂತ ನಿಮ್ಮ ತಂದೆ ಅಷ್ಟು ಚಿಕ್ಕವರು. ಕಣ್ಣು ಮಿಟುಕಿಸುವ ಹೊತ್ತನ್ನು ಕೆಲವು ಸಾವಿರ ಚೂರು ಮಾಡಿದರೆ ಅದರಲ್ಲೊಂದು ಚೂರು. ಆಳದ ಸೆಖೆ, ದೂಳು ಅವರಿಂದ ಕಿತ್ತುಕೊಂಡಿರಬಹುದಾದ ಆಯುಷ್ಯದ ಮುಂದೆ ಅದನ್ನು ಲಾಭವೆಂದು ಬರೆಯಲು ನನಗೆ ಮನಸ್ಸಿಲ್ಲ.

ಇದೇ ಪರಿಣಾಮ ನಿಮ್ಮ ಮೊಬೈಲಿನಲ್ಲಿಯೂ ಕೆಲಸ ಮಾಡುತ್ತಿದೆ. ದಾರಿ ತೋರಿಸುವ ಜಿಪಿಎಸ್ ಉಪಗ್ರಹಗಳು ಸುಮಾರು 20,200 ಕಿಲೋಮೀಟರ್ ಎತ್ತರದಲ್ಲಿವೆ. ಅಲ್ಲಿ ಸೆಳೆತ ಕಡಿಮೆಯಾದ್ದರಿಂದ ಅವುಗಳ ಗಡಿಯಾರ ದಿನಕ್ಕೆ 45 ಮೈಕ್ರೋಸೆಕೆಂಡು (ಸೆಕೆಂಡಿನ ಹತ್ತು ಲಕ್ಷದಲ್ಲಿ 45 ಭಾಗ) ಮುಂದೋಡುತ್ತದೆ, ವೇಗದ ಕಾರಣಕ್ಕೆ 7 ಮೈಕ್ರೋಸೆಕೆಂಡು ಹಿಂದೆ ಬೀಳುತ್ತದೆ, ಉಳಿಯುವುದು 38. ಅದನ್ನು ಸರಿದೂಗಿಸದಿದ್ದರೆ ಒಂದೇ ದಿನದಲ್ಲಿ ಹತ್ತು ಕಿಲೋಮೀಟರಿಗೂ ಹೆಚ್ಚಿನ ತಪ್ಪು ಸೇರಿಕೊಳ್ಳುತ್ತದೆ. ಲಿಂಗಸುಗೂರಿನ ಬಸ್ ನಿಲ್ದಾಣ ಕೇಳಿದವನನ್ನು ಯಾವುದೋ ಹೊಲದಲ್ಲಿ ನಿಲ್ಲಿಸಲು ಅಷ್ಟು ಸಾಕು.

ಪ್ರಶ್ನೆ: ನಿಮಿಷ, ಸೆಕೆಂಡುಗಳನ್ನು ಬಿಟ್ಟು ಗಳಿಗೆಯ ಲೆಕ್ಕವನ್ನು ಏಕೆ ಹಿಡಿದಿರಿ? ಇಂತಹ ಕಾಲದ ಆಟ ನಮ್ಮ ಪುರಾಣಗಳಲ್ಲಿ ಮೊದಲೇ ಇದೆಯಲ್ಲವೇ?
(ನಿವೃತ್ತ ಶಿಕ್ಷಕರು, ಕೊಪ್ಪಳ)

ಉತ್ತರ: ಗಳಿಗೆಯನ್ನು ಹಿಡಿದದ್ದು ಅದು ನೀರಿನಿಂದಲೇ ಅಳೆದ ಕಾಲವಾದ್ದರಿಂದ. ತಳದಲ್ಲಿ ಸಣ್ಣ ತೂತಿರುವ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ಅದು ತುಂಬಿ ಮುಳುಗುವ ಹೊತ್ತು ಒಂದು ಗಳಿಗೆ. ದಿನಕ್ಕೆ ಅರವತ್ತು, ಒಂದೊಂದಕ್ಕೆ 24 ನಿಮಿಷ. ನಿಮ್ಮ ಊರಿಗೆ ಸಂಬಂಧಿಸಿದ ಒಂದು ಸ್ವಾರಸ್ಯವನ್ನು ಹೇಳಬೇಕು. ಭಾರತೀಯ ಕಾಲಮಾನ 82.5 ಡಿಗ್ರಿ ಪೂರ್ವ ರೇಖಾಂಶದ್ದು, ಕೊಪ್ಪಳ ಇರುವುದು ಸುಮಾರು 76.15 ಡಿಗ್ರಿಯಲ್ಲಿ. ಡಿಗ್ರಿಗೆ ನಾಲ್ಕು ನಿಮಿಷದಂತೆ ನಿಮ್ಮ ಊರಿನ ಸೂರ್ಯ ಗಡಿಯಾರಕ್ಕಿಂತ ಸರಾಸರಿ 25 ನಿಮಿಷ ಹಿಂದಿದ್ದಾನೆ, ಅಂದರೆ ಒಂದು ಗಳಿಗೆಗೆ ತುಸು ಮೇಲೆ. ಬಳ್ಳಾರಿಯಲ್ಲಿ 22 ನಿಮಿಷ, ರಾಯಚೂರಿನಲ್ಲಿ 21ರ ಆಸುಪಾಸು. ಎರಡನೆಯ ಮಹಾಯುದ್ಧದ ಕಾಲದಲ್ಲಿ, 1942ರಿಂದ 1945ರವರೆಗೆ, ಗಡಿಯಾರಗಳನ್ನು ಇನ್ನೂ ಒಂದು ಗಂಟೆ ಮುಂದಿಡಲಾಗಿತ್ತು. ಸರ್ಕಾರಗಳ ಕೈಯಲ್ಲಿ ಸಣ್ಣದೊಂದು ತೂಬು ಎಂದಿನಿಂದಲೂ ಇದೆ.

ಪುರಾಣದ ಮಾತಿಗೆ: ಮಗಳು ರೇವತಿಗೆ ವರನನ್ನು ಕೇಳಲು ಬ್ರಹ್ಮಲೋಕಕ್ಕೆ ಹೋದ ಕಕುದ್ಮಿ ಮಹಾರಾಜ ಅಲ್ಲಿ ಒಂದು ಹಾಡು ಮುಗಿಯುವವರೆಗೆ ಕಾದು ಕುಳಿತ, ಅಷ್ಟರಲ್ಲಿ ಭೂಮಿಯ ಮೇಲೆ ಇಪ್ಪತ್ತೇಳು ಚತುರ್ಯುಗಗಳು ಕಳೆದಿದ್ದವು. ಇದನ್ನು ವಿಜ್ಞಾನವೆಂದು ಸಾಧಿಸುವುದು ನನಗೆ ಬೇಡ, ಕಥೆಯಾಗಿಯೇ ಅದು ಗಟ್ಟಿಯಾಗಿದೆ. ಅವನು ಮನಸ್ಸಿನಲ್ಲಿಟ್ಟುಕೊಂಡು ಹೋಗಿದ್ದ ವರರಷ್ಟೇ ಅಲ್ಲ, ಅವರ ಮಕ್ಕಳು ಮೊಮ್ಮಕ್ಕಳೂ ಉಳಿದಿರಲಿಲ್ಲ. ರೇವತಿ ಬಲರಾಮನ ಹೆಂಡತಿಯಾದಳು. ಹಾಡು ಕೇಳಿದ್ದಕ್ಕೆ ತೆರಬೇಕಾದ ಬೆಲೆಯನ್ನು ಆ ಕಥೆ ಹೇಳಿದೆ, ನಾನು ಅದರಿಂದ ಕಲಿತದ್ದು ಅಷ್ಟನ್ನು.

ಎಲ್ಲೆಗಲ್ಲು ಬಡಿದರೆ ಗಂಟೆಯಂತೆ ನುಡಿಯುತ್ತದೆ ಎಂಬುದು ಎಲ್ಲಿಂದ ಬಂತೆಂದೂ ನೀವು ಕೊನೆಯಲ್ಲಿ ಕೇಳಿದ್ದೀರಿ. ಬಳ್ಳಾರಿಯ ಪಕ್ಕದ ಸಂಗನಕಲ್ಲು, ಕುಪಗಲ್ಲಿನ ಗುಡ್ಡದಲ್ಲಿ ಅಂತಹ ನುಡಿಯುವ ಕಪ್ಪು ಬಂಡೆಗಳಿವೆ. ನವಶಿಲಾಯುಗದ ಜನ ವಾಸವಾಗಿದ್ದ ಜಾಗವದು. ಮೇಲೂರಿನ ಒಳಗೆ ನಿಂತು ಹೊರಗಿನ ಕಲ್ಲನ್ನು ಬಡಿಸಿದರೆ, ಕಂಪನ ಹೆಚ್ಚುಕಡಿಮೆ ಅರ್ಧವಾಗಿ, ಅದೇ ಸ್ವರ ಸುಮಾರು ಒಂದು ಸ್ಥಾಯಿ ಕೆಳಗೆ ಕೇಳಿಸುತ್ತದೆ.

ಪ್ರಶ್ನೆ: ಹನ್ನೊಂದನೆಯ ಕಂತಿನ ಸಾಹುಕಾರ ನೇಕಾರರ ಕೊಟ್ಟಿಗೆಗೆ ತೂಬು ಬಿಟ್ಟು, ಕೂಲಿಯನ್ನು ಮಾತ್ರ ಹೊರಗಿನ ದಿನದ ಲೆಕ್ಕದಲ್ಲಿ ಕೊಟ್ಟ. ನಾನು ಜೀನ್ಸ್ ಹೊಲಿಯುವವಳು, ನಮ್ಮದು ಪೀಸ್ ಲೆಕ್ಕ. ನಮಗಾದರೆ ಮೋಸವಾಗುವುದಿಲ್ಲ ಅಲ್ಲವೇ?
(ಬಳ್ಳಾರಿ)

ಉತ್ತರ: ಪೀಸ್ ಲೆಕ್ಕದಲ್ಲಿ ಮೋಸ ಅಷ್ಟು ಬೇಗ ಕಣ್ಣಿಗೆ ಬೀಳುವುದಿಲ್ಲ, ತಾಯಿ. ಕೊಟ್ಟಿಗೆಯೊಳಗೆ ಎರಡು ಪಟ್ಟು ಕಾಲ ಹರಿದರೆ ಹೊರಗಿನ ಒಂದು ದಿನದಲ್ಲಿ ನೀವು ಎರಡು ದಿನದ ಪೀಸ್ ಹೊಲಿದು ಎರಡು ದಿನದ ಹಣ ಪಡೆಯುತ್ತೀರಿ. ಮನೆಯ ಬಾಡಿಗೆ ಹೊರಗಿನ ತಿಂಗಳಿಗೊಮ್ಮೆ ಬರುವುದರಿಂದ ಅಲ್ಲಿ ನಿಮಗೆ ಉಳಿತಾಯವೂ ಇದೆ. ಊಟ ಮಾತ್ರ ದುಪ್ಪಟ್ಟು. ಸೂಜಿಗೆ ದಾರ ಪೋಣಿಸುವ ಕಣ್ಣು ಒಳಗಿನ ಲೆಕ್ಕದಲ್ಲಿ ಸವೆಯುತ್ತದೆ. ಹೊರಗಿನವರು ನಲವತ್ತೈದಕ್ಕೆ ಹಾಕಿಕೊಳ್ಳುವ ಕನ್ನಡಕವನ್ನು ನೀವು ಹಾಕಿಕೊಂಡಾಗ ನಿಮ್ಮ ಆಧಾರ್ ಕಾರ್ಡಿನಲ್ಲಿ ಮೂವತ್ತೈದು ಎಂದಿರುತ್ತದೆ, ಪಿಂಚಣಿ ಕೊಡುವವರು ಆ ಕಾರ್ಡನ್ನೇ ನೋಡುತ್ತಾರೆ. ಇನ್ನೊಂದು ಮಾತು. ಪ್ಯಾಂಟು ತೊಡುವವರು ಹೊರಗಿನ ಕಾಲದಲ್ಲಿಯೇ ಇದ್ದಾರೆ, ಅವರ ಪ್ಯಾಂಟು ಬೇಗ ಹರಿಯುವುದಿಲ್ಲ. ಒಂದು ಕೊಟ್ಟಿಗೆ ತೂಬು ತೆರೆದರೆ ಅದಕ್ಕೆ ಲಾಭ. ಊರಿನ ಎಲ್ಲ ಕೊಟ್ಟಿಗೆಗಳೂ ತೆರೆದರೆ ಮಾಲು ದುಪ್ಪಟ್ಟಾಗಿ ಪೀಸಿನ ದರ ಅರ್ಧಕ್ಕೆ ಬೀಳುತ್ತದೆ. ನನ್ನ ಸಾಹುಕಾರ ಪೆದ್ದ. ದಿನಗೂಲಿಯಲ್ಲಿ ಮೋಸ ಮಾಡುವ ಬದಲು ನಿಮ್ಮಂತೆ ಪೀಸ್ ಲೆಕ್ಕ ಇಟ್ಟಿದ್ದರೆ ಅವನ ಮೇಲೆ ಯಾರೂ ಸಿಟ್ಟಾಗುತ್ತಿರಲಿಲ್ಲ.

ಪ್ರಶ್ನೆ: ತೂಬಿನ ಹಲಗೆಯ ಸರಪಳಿ ತುಂಡಾದರೆ ಏನಾಗುತ್ತದೆಂದು ನೀವು ಬರೆಯಲೇ ಇಲ್ಲ. ಜಲಾಶಯದ ಪಕ್ಕದಲ್ಲಿರುವ ನಮಗೆ ಮೊದಲು ಬರುವ ಯೋಚನೆ ಅದೇ.
(ಮುನಿರಾಬಾದ್)

ಉತ್ತರ: 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ ಮೂವತ್ತಮೂರು ಗೇಟುಗಳಲ್ಲಿ ಹತ್ತೊಂಬತ್ತನೆಯದರ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋದದ್ದನ್ನೂ, ಹರಿಯುವ ನೀರಿಗೇ ಸ್ಟಾಪ್‌ಲಾಗ್ ಎಂಬ ತಾತ್ಕಾಲಿಕ ಗೇಟಿನ ತುಂಡುಗಳನ್ನು ಒಂದೊಂದಾಗಿ ಇಳಿಸಿ ಅದನ್ನು ಮುಚ್ಚಿದ್ದನ್ನೂ ಹತ್ತಿರದಿಂದ ಕಂಡವರು ನೀವು. ಆ ಪ್ರಶ್ನೆಯನ್ನು ನಾನು ಬೇಕೆಂದೇ ಬಿಟ್ಟಿರಲಿಲ್ಲ, ಉತ್ತರ ಹೊಳೆದಿರಲಿಲ್ಲ. ಓದುಗರ ಲೆಕ್ಕಗಳನ್ನೆಲ್ಲ ಹಾಕಿ ಮುಗಿಸಿದ ಮೇಲೆ ಈಗ ಹೊಳೆದಿದೆ.

ಸರಪಳಿ ತುಂಡಾದ ಸಂಜೆ, ಕಟ್ಟೆಯಲ್ಲಿ ತಲೆಮಾರುಗಳಿಂದ ಕೂಡಿಟ್ಟಿದ್ದ ಗಳಿಗೆಗಳೆಲ್ಲ ಒಮ್ಮೆಲೇ ಮೇಲೂರಿಗೆ ನುಗ್ಗುತ್ತವೆ. ಕಾಲ ಸಾವಿರಾರು ಪಟ್ಟು ಓಡಿದಲ್ಲಿಗೆ ಹೊರಗಿನ ಬೆಳಕು ಮುಟ್ಟುವುದೇ ಇಲ್ಲ, ಊರು ಕತ್ತಲಾಗಿ ತಣ್ಣಗಾಗುತ್ತದೆ. ಉಳಿಯುವ ದಾರಿ ಒಂದೇ, ಎಲ್ಲೆಗಲ್ಲು ದಾಟಿ ಹೊರಗೆ ಬರುವುದು. ಮೊದಲ ಸೆಳೆತಕ್ಕೆ ಕಲ್ಲುಗಳು ನುಡಿದದ್ದನ್ನು ಕೇಳಿ ಜನ ಉಟ್ಟ ಬಟ್ಟೆಯಲ್ಲಿ ಓಡುತ್ತಾರೆ. ಕಾಲಗಂಟಿ ಮರದ ದಿಮ್ಮಿಗಳನ್ನು ಒಂದರ ಮೇಲೊಂದು ಇಳಿಸಿ ತೂಬು ಮುಚ್ಚಲು ಹೊರಗಿನ ಒಂದು ಗಳಿಗೆ ಹಿಡಿಯುತ್ತದೆ, ಅಷ್ಟರಲ್ಲಿ ಒಳಗೆ ಮೂರು ವರ್ಷ ಕಳೆದಿರುತ್ತದೆ. ಅವನು ಲಾಂದ್ರ ಹಿಡಿದು ಮೊದಲನೆಯ ಮನೆಯನ್ನು ಹೊಕ್ಕಾಗ ಹಂಚಿನ ಮೇಲೆ ಬಿಟ್ಟುಹೋದ ರೊಟ್ಟಿ ಮುಟ್ಟಿದರೆ ಪುಡಿಯಾಗುವಷ್ಟು ಹಳತಾಗಿದೆ. ಎಲ್ಲೆಗಲ್ಲಿನ ಆಚೆ ನಿಂತ ಆ ಮನೆಯೊಡತಿಯ ಬೆರಳ ಸಂದಿಯ ಜೋಳದ ಹಿಟ್ಟು ಇನ್ನೂ ಹಸಿಯಾಗಿದೆ.